ಏಳು ಪಂದ್ಯ ಆಡಿಸಿದ್ರೆ ಒಳ್ಳೆ ತಂಡವೇ ಗೆಲ್ಲುತ್ತಾ?

ಇವತ್ತಿನ ವಿಷಯ ಕ್ರಿಕೆಟ್ ಅಲ್ಲ, ಬೇಸ್‌ಬಾಲ್. ಆಟ ಗೊತ್ತಿಲ್ಲ ಅಂತ ಸ್ಕಿಪ್ ಮಾಡಬೇಡಿ. ಕೊನೆಗೆ ನಮ್ಮ ಮನೆ ಬಾಗಿಲಿಗೇ ಬರೋ ಪ್ರಶ್ನೆ ಇದು.

2025ರ ನವೆಂಬರ್ 2, ಭಾನುವಾರ. ಬೆಳಿಗ್ಗೆ ಐದೂವರೆಗೆ ನಾನು ಕಂಬಳಿ ಹೊದ್ದುಕೊಂಡು ಫೋನಲ್ಲಿ ಬೇಸ್‌ಬಾಲ್ ನೋಡ್ತಾ ಕೂತಿದ್ದೆ. ಕಾರಣ ನನ್ನ ದೊಡ್ಡಪ್ಪನ ಮಗ. ಅವನು ಟೊರಾಂಟೊದಲ್ಲಿದ್ದಾನೆ. ಅಲ್ಲಿ ಆಗ ನವೆಂಬರ್ 1ರ ರಾತ್ರಿ ಎಂಟು ಗಂಟೆ. ಬೆಳಿಗ್ಗೆ ಅವನ ಸ್ಟೇಟಸ್‌ನಲ್ಲಿ ಕನ್ನಡ ಬಾವುಟ ಇತ್ತು, ರಾತ್ರಿ ಹೊತ್ತಿಗೆ ನೀಲಿ ಜೆರ್ಸಿ. ಟೊರಾಂಟೊ ಬ್ಲೂ ಜೇಸ್ ಮತ್ತು ಲಾಸ್ ಏಂಜಲೀಸ್ ಡಾಡ್ಜರ್ಸ್ ನಡುವೆ ವರ್ಲ್ಡ್ ಸೀರೀಸ್‌ನ ಏಳನೇ ಪಂದ್ಯ. ಮೂರು-ಮೂರು ಸಮ. ಇವತ್ತು ಗೆದ್ದವರಿಗೆ ಕಪ್.

ಒಂಬತ್ತನೇ ಇನ್ನಿಂಗ್ಸ್‌ವರೆಗೂ ಟೊರಾಂಟೊ 4-3ರಿಂದ ಮುಂದಿತ್ತು. ಕಪ್ ಕೈಗೆ ಬರೋಕೆ ಇನ್ನೆರಡೇ ಔಟ್ ಬಾಕಿ. ಆಗ ಡಾಡ್ಜರ್ಸ್‌ನ ಮಿಗೆಲ್ ರೋಹಾಸ್ ಹೋಮ್ ರನ್ ಹೊಡೆದು ಸಮ ಮಾಡಿದ. ಹನ್ನೊಂದನೇ ಇನ್ನಿಂಗ್ಸ್‌ನಲ್ಲಿ ವಿಲ್ ಸ್ಮಿತ್ ಇನ್ನೊಂದು ಹೋಮ್ ರನ್. 5-4. ಮುಗೀತು.

ಅಣ್ಣನ ಫೋನ್ ಬಂತು. ‘ಲೋ, ಒಂದು ಲೆಕ್ಕ ಹೇಳು. ಏಳು ಪಂದ್ಯ ಸೇರಿಸಿ ನಾವು ಹೊಡೆದಿದ್ದು 34 ರನ್. ಅವರು 26. ಕಪ್ ಯಾರಿಗೆ? ಇದೆಂಥ ನ್ಯಾಯ ಕಣೋ?’

ಲೆಕ್ಕ ಸರಿಯಾಗೇ ಇತ್ತು. ಮೊದಲ ಪಂದ್ಯವನ್ನ ಟೊರಾಂಟೊ 11-4ರಿಂದ ಗೆದ್ದಿತ್ತು. ನಾಲ್ಕನೆಯದು 6-2, ಐದನೆಯದು 6-1. ಡಾಡ್ಜರ್ಸ್ ಗೆದ್ದ ನಾಲ್ಕರಲ್ಲಿ ಎರಡು ಒಂದೇ ರನ್ ಅಂತರದ್ದು. ಅದರಲ್ಲಿ ಮೂರನೇ ಪಂದ್ಯವಂತೂ ಒಂಬತ್ತರ ಬದಲು ಹದಿನೆಂಟು ಇನ್ನಿಂಗ್ಸ್‌ಗೆ ಹೋಗಿತ್ತು. ಆದರೆ ಸೀರೀಸ್‌ನಲ್ಲಿ ರನ್ ರೇಟ್ ಅನ್ನೋ ಮಾತೇ ಇಲ್ಲ. ಏಳು ರನ್‌ನಿಂದ ಗೆದ್ದರೂ ಒಂದೇ ಗೆಲುವು, ಒಂದು ರನ್‌ನಿಂದ ಗೆದ್ದರೂ ಒಂದೇ ಗೆಲುವು.

ಸಮಾಧಾನ ಹೇಳೋಕೆ ನನಗೆ ಮಾತು ಸಿಗಲಿಲ್ಲ. ಆದರೆ ಅವನ ಪ್ರಶ್ನೆ ತಲೆಯಲ್ಲಿ ಉಳೀತು. ಏಳು ಪಂದ್ಯ ಯಾಕೆ? ಮೂರು ಯಾಕಲ್ಲ, ಐದು ಯಾಕಲ್ಲ? ಅಷ್ಟು ಆಡಿಸಿದ ಮೇಲೂ ಒಳ್ಳೆ ತಂಡ ಸಿಗುತ್ತೆ ಅಂತ ಗ್ಯಾರಂಟಿ ಇದೆಯಾ?

ಮೊದಲು ವ್ಯವಸ್ಥೆ ಹೇಗಿದೆ ನೋಡೋಣ. ಮೇಜರ್ ಲೀಗ್‌ನಲ್ಲಿ ಒಟ್ಟು 30 ತಂಡ. ಅಮೆರಿಕನ್ ಲೀಗ್ ಅಂತ 15, ನ್ಯಾಷನಲ್ ಲೀಗ್ ಅಂತ 15. ಒಂದೊಂದು ಲೀಗ್‌ನಲ್ಲೂ ಐದೈದು ತಂಡಗಳ ಮೂರು ಡಿವಿಜನ್. ಮಾರ್ಚ್ ಕೊನೆಯಿಂದ ಸೆಪ್ಟೆಂಬರ್ ಕೊನೆವರೆಗೆ ಒಂದೊಂದು ತಂಡ ಎಷ್ಟು ಪಂದ್ಯ ಆಡುತ್ತೆ ಗೊತ್ತಾ? 162. ಹೌದು, ನೂರ ಅರವತ್ತೆರಡು. ಹೆಚ್ಚೂ ಕಡಿಮೆ ದಿನಾ ಆಟ.

ಅದಾದ ಮೇಲೆ ಅಕ್ಟೋಬರ್‌ನಲ್ಲಿ ಪ್ಲೇಆಫ್. 2022ರಿಂದ ಲೀಗ್‌ಗೆ ಆರರಂತೆ 12 ತಂಡಗಳಿಗೆ ಅವಕಾಶ. ಮೂರು ಡಿವಿಜನ್ ಗೆದ್ದ ಮೂವರಿಗೆ 1, 2, 3ನೇ ಸ್ಥಾನ. ಉಳಿದವರಲ್ಲಿ ಹೆಚ್ಚು ಗೆದ್ದ ಮೂವರು 4, 5, 6. ಈ ಕೊನೆಯ ಮೂವರಿಗೆ ವೈಲ್ಡ್ ಕಾರ್ಡ್ ಅಂತಾರೆ. ಮೊದಲ ಎರಡು ಸ್ಥಾನದವರು ಮೊದಲ ಸುತ್ತು ಆಡೋ ಹಾಗಿಲ್ಲ, ಸೀದಾ ಎರಡನೇ ಸುತ್ತಿಗೆ.

ಮೊದಲ ಸುತ್ತು, ವೈಲ್ಡ್ ಕಾರ್ಡ್ ಸೀರೀಸ್. ಬೆಸ್ಟ್ ಆಫ್ ತ್ರೀ, ಅಂದ್ರೆ ಎರಡು ಗೆದ್ದರೆ ಮುಂದೆ. ಮೂರೂ ಪಂದ್ಯ ಮೇಲಿನ ಸ್ಥಾನದ ತಂಡದ ಊರಲ್ಲೇ. ಎರಡನೇ ಸುತ್ತು ಡಿವಿಜನ್ ಸೀರೀಸ್. ಬೆಸ್ಟ್ ಆಫ್ ಫೈವ್, ಮೂರು ಗೆಲ್ಲಬೇಕು. ಮೂರನೇ ಸುತ್ತು ಲೀಗ್ ಚಾಂಪಿಯನ್‌ಶಿಪ್, ಬೆಸ್ಟ್ ಆಫ್ ಸೆವೆನ್, ನಾಲ್ಕು ಗೆಲ್ಲಬೇಕು. ಕೊನೆಗೆ ಎರಡು ಲೀಗ್‌ಗಳ ಚಾಂಪಿಯನ್ನರ ನಡುವೆ ವರ್ಲ್ಡ್ ಸೀರೀಸ್, ಅದೂ ಬೆಸ್ಟ್ ಆಫ್ ಸೆವೆನ್.

ಏಳರ ಸೀರೀಸ್ ಎಲ್ಲೆಲ್ಲಿ ನಡೆಯುತ್ತೆ ಅನ್ನೋದಕ್ಕೂ ಲೆಕ್ಕ ಇದೆ: 2-3-2. ಮೊದಲೆರಡು ನಿಮ್ಮೂರಲ್ಲಿ, ಮಧ್ಯದ ಮೂರು ಅವರೂರಲ್ಲಿ, ಬೇಕಾದರೆ ಕೊನೆಯ ಎರಡು ಮತ್ತೆ ನಿಮ್ಮೂರಲ್ಲಿ. ಟೊರಾಂಟೊದಿಂದ ಲಾಸ್ ಏಂಜಲೀಸ್ ಅಂದ್ರೆ ಇಡೀ ಖಂಡ ದಾಟಬೇಕು. ಈ ಲೆಕ್ಕದಲ್ಲಿ ವಿಮಾನ ಹತ್ತೋದು ಎರಡೇ ಸಲ. ಡಾಡ್ಜರ್ಸ್ ಲೀಗ್ ಹಂತದಲ್ಲಿ 93 ಗೆದ್ದಿತ್ತು, ಟೊರಾಂಟೊ 94. ಆ ಒಂದೇ ಒಂದು ಹೆಚ್ಚಿನ ಗೆಲುವಿಗೆ ಏಳನೇ ಪಂದ್ಯ ಟೊರಾಂಟೊಗೆ ಬಂತು. ಆದರೆ ತವರಿನ ಲಾಭ ಆಯ್ತಾ? ಆ ಏಳರಲ್ಲಿ ತವರಿನ ತಂಡ ಗೆದ್ದಿದ್ದು ಬರೀ ಎರಡು!

ಈಗ ಮುಖ್ಯ ಪ್ರಶ್ನೆ. ಮೂರು, ಐದು, ಏಳು ಅಂದ್ರೆ ವ್ಯತ್ಯಾಸ ಏನು?

ಒಂದು, ಪಿಚರ್‌ಗಳು. ಪಿಚರ್ ಅಂದ್ರೆ ನಮ್ಮ ಬೌಲರ್ ಇದ್ದ ಹಾಗೆ. ಆದರೆ ಇಲ್ಲಿ ಆರು ಎಸೆತಕ್ಕೊಮ್ಮೆ ಬದಲಾಯಿಸಲ್ಲ. ಪಂದ್ಯ ಶುರು ಮಾಡೋ ಪಿಚರ್ ಒಂದೇ ಸಮ 90-100 ಎಸೆತ ಹಾಕ್ತಾನೆ, ಆಮೇಲೆ ನಾಲ್ಕೈದು ದಿನ ರೆಸ್ಟ್. ಹಾಗಾಗಿ ಮೂರರ ಸೀರೀಸ್‌ನಲ್ಲಿ ಇಬ್ಬರು ಒಳ್ಳೆ ಪಿಚರ್ ಇದ್ದರೆ ದಡ ಸೇರಬಹುದು. ಏಳಕ್ಕೆ ಹೋದರೆ ಮೂರನೆಯವನು, ನಾಲ್ಕನೆಯವನು, ಬೆಂಚಲ್ಲಿ ಕೂತವನು ಎಲ್ಲರೂ ಬೇಕು. ಸೀರೀಸ್ ಉದ್ದ ಆದಷ್ಟೂ ಒಬ್ಬ ಸ್ಟಾರ್‌ಗಿಂತ ಇಡೀ ತಂಡದ ತೂಕ ಮುಖ್ಯ ಆಗುತ್ತೆ.

ಹಾಗಂತ ಅಂದುಕೊಂಡ್ರೆ, ಅದನ್ನೂ ಸುಳ್ಳು ಮಾಡೋರು ಹುಟ್ಟಿಕೊಳ್ತಾರೆ. ಡಾಡ್ಜರ್ಸ್‌ನ ಜಪಾನಿ ಪಿಚರ್ ಯೋಶಿನೋಬು ಯಾಮಾಮೋಟೊ ಎರಡನೇ ಪಂದ್ಯ ಪೂರ್ತಿ ಎಸೆದು ಗೆಲ್ಲಿಸಿದ. ಆರನೇ ಪಂದ್ಯದಲ್ಲಿ 96 ಎಸೆತ ಹಾಕಿ ಅದನ್ನೂ ಗೆಲ್ಲಿಸಿದ. ಮಾರನೇ ದಿನವೇ ಏಳನೇ ಪಂದ್ಯದ ಕೊನೆಗೆ ಬಂದು ಮತ್ತೆ 34 ಎಸೆತ ಹಾಕಿ ಮುಗಿಸಿದ. ನಾಲ್ಕು ಗೆಲುವಲ್ಲಿ ಮೂರು ಅವನ ಹೆಸರಿಗೆ. ಅಣ್ಣನೇ ಹೇಳಿದ, ‘ಅವನ ಮೇಲೆ ಕೋಪ ಮಾಡ್ಕೊಳ್ಳೋಕೂ ಆಗಲ್ಲ ಕಣೋ.’

ಎರಡು, ಅದೃಷ್ಟ. ಇಲ್ಲಿ ಸ್ವಲ್ಪ ಗಣಿತ, ಹೆದರಬೇಡಿ. ಎ, ಬಿ ಅಂತ ಎರಡು ತಂಡ ಇಟ್ಕೊಳ್ಳಿ. ಎ ಸ್ವಲ್ಪ ಗಟ್ಟಿ. ನೂರು ಸಲ ಆಡಿದರೆ 55 ಸಲ ಗೆಲ್ಲುತ್ತೆ. ಒಂದೇ ಪಂದ್ಯದ ನಾಕೌಟ್ ಆದರೆ ಎ ಗೆಲ್ಲೋ ಸಾಧ್ಯತೆ ನೂರಕ್ಕೆ 55. ಮೂರರ ಸೀರೀಸ್ ಮಾಡಿದರೆ ಸುಮಾರು 57. ಐದರದ್ದು ಮಾಡಿದರೆ 59. ಏಳಕ್ಕೆ ಏರಿಸಿದರೆ? ಬರೀ 61.

ನಾನಂತೂ ಎಂಬತ್ತಾದರೂ ಬರುತ್ತೆ ಅಂದುಕೊಂಡಿದ್ದೆ. ಏಳು ಪಂದ್ಯ ಆಡಿಸಿದ ಮೇಲೂ ನೂರಕ್ಕೆ 39 ಸಲ ದುರ್ಬಲ ತಂಡವೇ ಕಪ್ ಎತ್ತುತ್ತೆ. ನೂರಕ್ಕೆ ತೊಂಬತ್ತು ಖಾತ್ರಿ ಬೇಕು ಅಂದ್ರೆ ಇಬ್ಬರನ್ನೂ ಸುಮಾರು 160 ಪಂದ್ಯ ಆಡಿಸಬೇಕು. ಒಂದು ವರ್ಲ್ಡ್ ಸೀರೀಸ್ ಮುಗಿಸೋಕೆ ಇನ್ನೊಂದು ವರ್ಷ ಬೇಕಾಗುತ್ತೆ!

ಅಂದ್ರೆ ಯಾವುದು ಒಳ್ಳೆ ತಂಡ ಅನ್ನೋದನ್ನ ಆರು ತಿಂಗಳ 162 ಪಂದ್ಯಗಳು ಆಗಲೇ ಸುಮಾರಾಗಿ ಹೇಳಿಬಿಟ್ಟಿರುತ್ತವೆ. ಅಕ್ಟೋಬರ್ ಕೇಳೋದು ಬೇರೆ ಪ್ರಶ್ನೆ: ಇವತ್ತು, ಈ ಒತ್ತಡದಲ್ಲಿ, ಯಾರು ಗೆಲ್ತಾರೆ? ಎರಡು ಪ್ರಶ್ನೆಗೆ ಎರಡು ಉತ್ತರ ಬರಬಹುದು. 2025ರಲ್ಲಿ ಅತಿ ಹೆಚ್ಚು ಪಂದ್ಯ ಗೆದ್ದಿದ್ದು ಮಿಲ್ವಾಕಿ ಬ್ರೂವರ್ಸ್, 97. ಡಾಡ್ಜರ್ಸ್ ಅವರನ್ನ 4-0ಯಿಂದ ಮನೆಗೆ ಕಳಿಸಿತು. ಡಾಡ್ಜರ್ಸ್‌ಗೂ ಈ ಕಹಿ ಹೊಸದಲ್ಲ. 2022ರಲ್ಲಿ ಅವರು 111 ಗೆದ್ದು, 89 ಗೆದ್ದಿದ್ದ ಸ್ಯಾನ್ ಡಿಯಾಗೋ ಕೈಲಿ ಐದರ ಸೀರೀಸ್‌ನಲ್ಲೇ ಸೋತಿದ್ದರು.

ಹಾಗಾದ್ರೆ ಪ್ಲೇಆಫ್ ಯಾಕೆ ಬೇಕು? ಮೊದಲು ಇಷ್ಟೆಲ್ಲ ಇರಲಿಲ್ಲ. 1903ರಲ್ಲಿ ಮೊದಲ ವರ್ಲ್ಡ್ ಸೀರೀಸ್ ನಡೆದಾಗ ಎರಡು ಲೀಗ್‌ಗಳ ಮೊದಲನೆಯವರು ಮಾತ್ರ ಎದುರಾಗ್ತಿದ್ದರು. ಆಗ ಅದು ಒಂಬತ್ತು ಪಂದ್ಯದ್ದು, 1905ರಲ್ಲಿ ಏಳಾಯ್ತು. ನಡುವೆ 1919ರಿಂದ 1921ರವರೆಗೆ ಮತ್ತೆ ಒಂಬತ್ತು ಮಾಡಿ ನೋಡಿದರು. 1969ರಲ್ಲಿ ಡಿವಿಜನ್‌ಗಳು ಬಂದವು, ಜೊತೆಗೆ ಒಂದು ಸುತ್ತು ಹೆಚ್ಚಾಯ್ತು. 1993ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋ ಜೈಂಟ್ಸ್ 103 ಗೆದ್ದೂ ಪ್ಲೇಆಫ್‌ಗೆ ಬರಲಿಲ್ಲ, ಯಾಕಂದ್ರೆ ಅದೇ ಡಿವಿಜನ್‌ನಲ್ಲಿ ಅಟ್ಲಾಂಟಾ 104 ಗೆದ್ದಿತ್ತು. ವೈಲ್ಡ್ ಕಾರ್ಡ್ ಮೊದಲ ಬಾರಿ ಆಡಿದ್ದು 1995ರಲ್ಲಿ. ಒಂದೊಂದು ಸುತ್ತು ಹೆಚ್ಚಾದಾಗಲೂ ಹೆಚ್ಚು ಊರುಗಳಿಗೆ ಸೆಪ್ಟೆಂಬರ್‌ವರೆಗೆ ಆಸೆ ಉಳಿಯುತ್ತೆ. ಟಿಕೆಟ್, ಟಿವಿ ದುಡ್ಡೂ ಹೆಚ್ಚುತ್ತೆ. ಎರಡೂ ನಿಜ.

ದುಡ್ಡಿನ ವಿಷಯದಲ್ಲಿ ಒಂದು ಜಾಣತನದ ನಿಯಮ ಇದೆ. ವರ್ಲ್ಡ್ ಸೀರೀಸ್‌ನಲ್ಲಿ ಆಟಗಾರರ ಪಾಲು ಬರೋದು ಮೊದಲ ನಾಲ್ಕು ಪಂದ್ಯಗಳ ಟಿಕೆಟ್ ಹಣದಿಂದ ಮಾತ್ರ. ಆಮೇಲೆ ಎಷ್ಟು ಎಳೆದರೂ ಅವರಿಗೆ ಒಂದು ಡಾಲರ್ ಹೆಚ್ಚು ಸಿಗಲ್ಲ. ಬೇಕಂತಲೇ ಸೋತು ಸೀರೀಸ್ ಲಂಬಿಸಿದರು ಅಂತ ಯಾರೂ ಬೆರಳು ತೋರಿಸೋ ಹಾಗಿಲ್ಲ.

ಈಗ ಟೊರಾಂಟೊ ಜನರ ಹಳೇ ಗಾಯಕ್ಕೆ ಬರ್ತೀನಿ. 1984ರವರೆಗೆ ಲೀಗ್ ಚಾಂಪಿಯನ್‌ಶಿಪ್ ಐದರ ಸೀರೀಸ್ ಆಗಿತ್ತು, ಮೂರು ಗೆದ್ದರೆ ಸಾಕು. 1985ರಲ್ಲಿ ಅದನ್ನ ಏಳು ಮಾಡಿದರು. ಅದೇ ವರ್ಷ ಟೊರಾಂಟೊ ಕ್ಯಾನ್ಸಸ್ ಸಿಟಿ ರಾಯಲ್ಸ್ ಮೇಲೆ 3-1ರಿಂದ ಮುಂದಿತ್ತು. ಹಿಂದಿನ ವರ್ಷದ ನಿಯಮ ಆಗಿದ್ದರೆ ಅಲ್ಲಿಗೇ ಗೆದ್ದು ವರ್ಲ್ಡ್ ಸೀರೀಸ್‌ಗೆ ಹೋಗ್ತಿತ್ತು. ರಾಯಲ್ಸ್ ಉಳಿದ ಮೂರನ್ನೂ ಗೆದ್ದು 4-3 ಮಾಡಿತು, ಆ ವರ್ಷದ ಕಪ್ಪನ್ನೂ ಎತ್ತಿತು. ಅನ್ಯಾಯ ಅನ್ಸುತ್ತೆ ಅಲ್ವಾ? ಆದರೆ ಅದೇ ಏಳರ ನಿಯಮ 2025ರಲ್ಲಿ ಟೊರಾಂಟೊ ಕೈಹಿಡಿದಿತ್ತು. ವರ್ಲ್ಡ್ ಸೀರೀಸ್‌ಗೆ ಮುಂಚಿನ ಸುತ್ತಿನಲ್ಲಿ ಸಿಯಾಟಲ್ ಮೊದಲು ಮೂರು ಗೆದ್ದಿತ್ತು. ಐದರ ಸೀರೀಸ್ ಆಗಿದ್ದರೆ ಟೊರಾಂಟೊ ಅಲ್ಲಿಗೇ ಮನೆಗೆ. ಏಳಾಗಿದ್ದಕ್ಕೆ ಕೊನೆಯ ಎರಡೂ ಗೆದ್ದು ಬದುಕಿತು. ಕಿತ್ತುಕೊಂಡಿದ್ದೂ ಅದೇ ನಿಯಮ, ಕೊಟ್ಟಿದ್ದೂ ಅದೇ ನಿಯಮ. ಸಿಯಾಟಲ್ ಪಾಪ, ಇವತ್ತಿಗೂ ಒಂದೂ ವರ್ಲ್ಡ್ ಸೀರೀಸ್ ಆಡಿಲ್ಲ.

ಇದನ್ನೆಲ್ಲ ಅಣ್ಣನಿಗೆ ಹೇಳಬೇಕು ಅಂತ ಆ ಭಾನುವಾರ ಮಧ್ಯಾಹ್ನವೇ ಬರೆದಿಟ್ಟುಕೊಂಡೆ. ಆದರೆ ಅಷ್ಟರಲ್ಲಿ ನಾವೇ ಇನ್ನೊಂದು ಫೈನಲ್‌ಗೆ ಕೂತಿದ್ವಿ. ನೆನಪಿದೆಯಾ? ಅವತ್ತೇ ನವಿ ಮುಂಬೈನಲ್ಲಿ ಮಹಿಳಾ ವಿಶ್ವಕಪ್ ಫೈನಲ್. ದಕ್ಷಿಣ ಆಫ್ರಿಕಾ ವಿರುದ್ಧ ನಮ್ಮ ಹುಡುಗಿಯರು 52 ರನ್‌ನಿಂದ ಗೆದ್ದರು. ನಮ್ಮ ಬೀದಿಯಲ್ಲಿ ಪಟಾಕಿ. ನಾನು ಕಿರುಚಿ ಕಿರುಚಿ ಗಂಟಲು ಕಟ್ಟಿಸಿಕೊಂಡೆ.

ಮಧ್ಯರಾತ್ರಿ ಅಣ್ಣನ ಫೋನ್. ‘ಗೆದ್ವಿ ಕಣೋ!’

ನಾನು ಸುಮ್ಮನಿರಬಹುದಿತ್ತು. ಇರಲಿಲ್ಲ. ‘ಅಣ್ಣ, ಲೀಗ್ ಹಂತದಲ್ಲಿ ನಾವು ಮೂರು ಗೆದ್ದು ಮೂರು ಸೋತಿದ್ವಿ. ನಾಲ್ಕನೇ ಸ್ಥಾನ. ಆಸ್ಟ್ರೇಲಿಯಾ ಒಂದೂ ಸೋತಿರಲಿಲ್ಲ. ಸೆಮಿಫೈನಲ್ ಒಂದೇ ಪಂದ್ಯ ಆಗಿದ್ದಕ್ಕೆ ಅವರು ಮನೆಗೆ ಹೋದರು. ಅದು ಬೆಸ್ಟ್ ಆಫ್ ಸೆವೆನ್ ಆಗಿದ್ದಿದ್ರೆ?’

ಆ ಕಡೆ ಒಂದೆರಡು ಸೆಕೆಂಡ್ ಮೌನ. ‘ಸುಮ್ನಿರೋ. ಎದ್ದಾಗಿನಿಂದ ಈಗ ಮೊದಲನೇ ಸಲ ನಗ್ತಾ ಇದ್ದೀನಿ.’

ಇಬ್ಬರೂ ನಕ್ಕುಬಿಟ್ವಿ. ಆದರೆ ಆ ಮಾತು ನನಗೇ ಚುಚ್ಚಿತು. ಬೆಳಿಗ್ಗೆ ಅಣ್ಣ ‘ಇದೆಂಥ ನ್ಯಾಯ’ ಅಂದಾಗ ನಾನೂ ಒಳಗೊಳಗೇ ಹೌದು ಅಂದಿದ್ದೆ. ರಾತ್ರಿ ಅದೇ ಥರದ ನಿಯಮ ನಮಗೆ ಕಪ್ ಕೊಟ್ಟಾಗ ನ್ಯಾಯದ ನೆನಪೇ ಬರಲಿಲ್ಲ. ಒಂದೇ ದಿನ, ಒಬ್ಬನೇ ಮನುಷ್ಯ, ಎರಡು ತಕ್ಕಡಿ.

ಹಾಗಾಗಿ ನನ್ನ ಮಟ್ಟಿಗೆ ಒಂದು ತೀರ್ಮಾನ ಮಾಡಿಕೊಂಡಿದ್ದೀನಿ. ಮೂರೋ ಐದೋ ಏಳೋ, ಯಾವ ಸೀರೀಸೂ ಒಳ್ಳೆ ತಂಡ ಯಾವುದು ಅಂತ ಸಾಬೀತು ಮಾಡಲ್ಲ. ಮೊದಲೇ ಎಲ್ಲರೂ ಒಪ್ಪಿಕೊಂಡ ನಿಯಮದೊಳಗೆ ಯಾರು ಗೆದ್ದರು ಅಂತ ಹೇಳುತ್ತೆ, ಅಷ್ಟೇ. ನಿಯಮ ಸರಿಯಿಲ್ಲ ಅನ್ನಿಸಿದರೆ ಖಂಡಿತ ಮಾತಾಡಬೇಕು. ಆದರೆ ಆ ಮಾತನ್ನ ಮೊದಲ ಎಸೆತಕ್ಕೆ ಮುಂಚೆ, ಯಾರು ಗೆಲ್ತಾರೆ ಅಂತ ಯಾರಿಗೂ ಗೊತ್ತಿಲ್ಲದಾಗ ಆಡಬೇಕು. ಸೋತ ಮೇಲೆ ಆಡಿದರೆ ಅದು ಬರೀ ನೋವು. ನೋವು ತಪ್ಪಲ್ಲ, ಆದರೆ ಅದಕ್ಕೆ ನ್ಯಾಯ ಅಂತ ಹೆಸರಿಡಬಾರದು.

ಮುಂದಿನ ಅಕ್ಟೋಬರ್‌ನಲ್ಲಿ ಬೇಗ ಎದ್ದು ಒಂದು ಸೀರೀಸ್ ನೋಡಿ. ಇದು ಎಷ್ಟರ ಸೀರೀಸ್, ಇವತ್ತು ಯಾರೂರಲ್ಲಿ, ನಾಳೆಗೆ ಯಾವ ಪಿಚರ್ ಉಳಿದಿದ್ದಾನೆ, ಈ ಮೂರು ಗೊತ್ತಿದ್ದರೆ ಸಾಕು, ಆಟ ತಾನೇ ಅರ್ಥ ಆಗ್ತಾ ಹೋಗುತ್ತೆ. ಮತ್ತೆ, ನಿಮ್ಮ ತಂಡ ಲೀಗ್‌ನಲ್ಲಿ ಮೆರೆದು ನಾಕೌಟ್‌ನಲ್ಲಿ ಸೋತಾಗ ನೀವು ಯಾರ ಮೇಲೆ ಸಿಟ್ಟು ತೀರಿಸಿಕೊಂಡ್ರಿ? ವಾಯ್ಸ್ ಮೆಸೇಜ್ ಕಳಿಸಿ, ನಾನು ಎಲ್ಲ ಕೇಳ್ತೀನಿ.