ಏಳು ಬೀಗದ ಕೈಗಳ ಹೋಟೆಲು

ರೋಚಕ ಕಾದಂಬರಿಗಳನ್ನು ಸರಸರನೆ ಬರೆದು ಹೆಸರು ಮಾಡಿದ ಲೇಖಕನೊಬ್ಬ, ಮಗೀ ಅಂತ. ಇಪ್ಪತ್ತನಾಲ್ಕು ಗಂಟೆಯೊಳಗೆ ಒಂದು ಕಾದಂಬರಿ ಮುಗಿಸುತ್ತೇನೆಂದು ಗೆಳೆಯನೊಡನೆ 5,000 ಡಾಲರ್ ಪಣ ಕಟ್ಟುತ್ತಾನೆ. ಬರೆಯಲು ಗೊತ್ತಾದ ಜಾಗ ಬೆಟ್ಟದ ಮೇಲಿನ ಬಾಲ್ಡ್‌ಪೇಟ್ ಹೋಟೆಲು. ಬೇಸಿಗೆಯಲ್ಲಷ್ಟೇ ಅಲ್ಲಿ ಜನ; ಹಿಮ ಬಿದ್ದರೆ ಬೀಗ. ಇರುವುದು ಒಂದೇ ಬೀಗದ ಕೈ, ಅದು ಇವನ ಬಳಿ. ಇನ್ನು ತೊಂದರೆ ಕೊಡುವವರು ಯಾರು?

ಟೈಪ್‌ರೈಟರ್ ಮುಂದೆ ಕೂರುವಷ್ಟರಲ್ಲಿ ಬಾಗಿಲ ಬೀಗ ತಿರುಗುತ್ತದೆ. ಒಬ್ಬರ ಹಿಂದೊಬ್ಬರು ಬರುತ್ತಾರೆ. ಲಂಚದ ಎರಡು ಲಕ್ಷ ಡಾಲರ್ ಹಿಂದೆ ಬಿದ್ದ ಮೇಯರ್, ಸುದ್ದಿ ಹುಡುಕುತ್ತಾ ಬಂದ ಪತ್ರಕರ್ತೆ, ದೆವ್ವದ ವೇಷ ತೊಡುವ ಒಬ್ಬ ಏಕಾಂತವಾಸಿ. ತನ್ನಲ್ಲಿರುವುದೇ ಏಕೈಕ ಬೀಗದ ಕೈ ಎಂದು ಬಂದವರಿಗೆಲ್ಲ ಖಾತ್ರಿ!

ಈ ಕಥೆಯ ಮೂಲ 'ಸೆವೆನ್ ಕೀಸ್ ಟು ಬಾಲ್ಡ್‌ಪೇಟ್' ಎಂಬ 1913ರ ಕಾದಂಬರಿ. ಬರೆದವರು ಅರ್ಲ್ ಡೆರ್ ಬಿಗರ್ಸ್. ಮುಂದೆ ಪತ್ತೇದಾರ ಚಾರ್ಲಿ ಚಾನ್‌ನನ್ನು ಸೃಷ್ಟಿಸಿದವರು ಇವರೇ. ಅದೇ ವರ್ಷ ಜಾರ್ಜ್ ಎಂ. ಕೋಹನ್ ಅದನ್ನು ಬ್ರಾಡ್‌ವೇ ನಾಟಕವಾಗಿಸಿದರು; ಮೇಲೆ ಹೇಳಿದ್ದು ಆ ನಾಟಕದ ಕಥೆ. 1917ರಿಂದ 1947ರವರೆಗೆ ಅಮೆರಿಕದ ಚಿತ್ರರಂಗ ಐದು ಸಲ ಇದನ್ನು ತೆರೆಗೆ ತಂದಿತು; 1929ರಲ್ಲಿ ರಿಚರ್ಡ್ ಡಿಕ್ಸ್ ಇದರ ಟಾಕಿಯಲ್ಲಿ ಅಭಿನಯಿಸಿದರು. ಕೊಲೊರಾಡೊದ ಎಸ್ಟೆಸ್ ಪಾರ್ಕ್‌ನಲ್ಲಿ ಬಾಲ್ಡ್‌ಪೇಟ್ ಹೆಸರಿನ ನಿಜವಾದ ಹೋಟೆಲೂ ಎದ್ದಿತು. ಅತಿಥಿಗಳು ತಂದುಕೊಟ್ಟ ಸಾವಿರಾರು ಬೀಗದ ಕೈಗಳು ಅಲ್ಲಿ ಸೇರಿದವು.

ನನ್ನ ಮನಸ್ಸು ನಿಲ್ಲುವುದು ಕೋಹನ್ ಮಾಡಿದ ಒಂದು ಬದಲಾವಣೆಯಲ್ಲಿ. ಬಿಗರ್ಸ್‌ ಅವರ ಮಗೀಗೆ ತನ್ನ ಜನಪ್ರಿಯ ಬರವಣಿಗೆಯ ಬಗ್ಗೆ ಒಳಗೊಳಗೇ ನಾಚಿಕೆ. ದೊಡ್ಡವರು ಮೆಚ್ಚುವ ಗಂಭೀರ ಕೃತಿಯೊಂದನ್ನು ಬರೆಯಬೇಕೆಂದೇ ಅವನು ಬೆಟ್ಟ ಹತ್ತುತ್ತಾನೆ. ಕೋಹನ್ ಆ ನಾಚಿಕೆಯನ್ನೇ ಕಿತ್ತುಹಾಕಿದರು. ಅವರ ಮಗೀ ತನ್ನ ಕಸುಬನ್ನು ನೆಚ್ಚಿದವನು.

ನಾಟಕದ ಕೊನೆಗೆ ಗೆಳೆಯ ಬಂದು ಗುಟ್ಟು ಒಡೆಯುತ್ತಾನೆ: ಇವರೆಲ್ಲ ನಾನು ಕರೆಸಿದ ನಟರು, ನಿನ್ನ ಕಥೆಗಳು ಎಷ್ಟು ಅಸಂಭವ ಎಂದು ತೋರಿಸಲು ಹೀಗೆ ಮಾಡಿದೆ. ಜನಪ್ರಿಯ ಲೇಖಕರು ಸದಾ ಕೇಳುವ ಮಾತೇ ಇದು. ಆದರೆ ಆಮೇಲೆ ಇನ್ನೊಂದು ಪುಟ್ಟ ದೃಶ್ಯವಿದೆ. ಮಗೀ ಹಸ್ತಪ್ರತಿ ಹಿಡಿದು ನಿಂತಿದ್ದಾನೆ. ಗುಂಡಿನ ಸದ್ದು, ಹಣ, ದೆವ್ವ, ಅವನನ್ನು ಹಂಗಿಸಿದ ಆ ಗೆಳೆಯನ ಮಾತು ಕೂಡ ಅವನು ಆ ರಾತ್ರಿ ಬರೆದು ಮುಗಿಸಿದ ಕಾದಂಬರಿಯೊಳಗಿನದೇ. ಪಣ ಅವನದಾಯಿತು. ಅಸಂಭವ ಎಂದು ಹಳಿಸಿಕೊಂಡ ಕಥೆಯನ್ನು ಅಷ್ಟು ಹೊತ್ತೂ ನಂಬಿ ಕೂತಿದ್ದವರು ಪ್ರೇಕ್ಷಕರು. ರಾತ್ರಿಯಿಡೀ ದುಡಿದ ಬರಹಗಾರನಿಗೆ ಇದಕ್ಕಿಂತ ಪ್ರೀತಿಯ ಸನ್ಮಾನವನ್ನು ಹಾಸ್ಯನಾಟಕದಲ್ಲಿ ನಾನು ಕಂಡಿಲ್ಲ.

1917ರ ಮೂಕಿ ಚಿತ್ರದಲ್ಲಿ ಮಗೀ ಪಾತ್ರ ಮಾಡಿದವರು ಸ್ವತಃ ಕೋಹನ್. ಆ ಚಿತ್ರ ಉಳಿದುಬಂದಿದೆ. ಬಿಡುವಾದಾಗ ಹುಡುಕಿ ನೋಡಿ.