ಅರ್ಧ ಹೋದರೆ ಉಳಿಯುವುದೆಷ್ಟು?

(ಸಂಘದ ಭಾನುವಾರದ ಸಭೆಯಲ್ಲಿ ಮಾಡಿದ ಭಾಷಣ)



ವಿಜ್ಞಾನದ ವಿಷಯ ಹೇಳಲು ಇವನು ಯಾರು ಎಂದು ನೀವು ಕೇಳಬಹುದು. ಏಳನೆಯ ತರಗತಿ ಮುಗಿಸಿ ಮಾಣಿಯಾಗಿ ಈ ಹೈದರಾಬಾದಿಗೆ ಬಂದವನು ನಾನು. ಆದರೆ ಭಿನ್ನರಾಶಿ ನಮಗೆ ಹೊಸದಲ್ಲ. ದಿನಕ್ಕೆ ನೂರು ಸಲ “ಒನ್ ಬೈ ಟೂ” ಎಂದು ಕೂಗಿದವರು ನಾವು.

ಈ ಮಾತು ಏಕೆ ಬಂತೆಂದು ಕೆಲವರಿಗೆ ಗೊತ್ತು. ನಮ್ಮ ಅಡುಗೆಯ ಗೆಳೆಯನೊಬ್ಬನಿಗೆ ಕುತ್ತಿಗೆಯ ಥೈರಾಯ್ಡ್ ಗ್ರಂಥಿಯ ಕಾಯಿಲೆ. ಆಸ್ಪತ್ರೆಯಲ್ಲಿ ವಿಕಿರಣ ಸೂಸುವ ಅಯೋಡಿನ್ ಕೊಟ್ಟರು. ಕೆಲವು ದಿನ ಬೇರೆ ಮಲಗಬೇಕು, ಮಕ್ಕಳನ್ನೂ ಬಸುರಿಯರನ್ನೂ ಹತ್ತಿರ ಸೇರಿಸಬಾರದು, ಇಂಥ ತಾರೀಖಿನಿಂದ ಕೆಲಸಕ್ಕೆ ಹೋಗಬಹುದು ಎಂದು ಚೀಟಿಯನ್ನೂ ಬರೆದರು. ಆ ಅಯೋಡಿನ್ನಿನ ಅರ್ಧಾಯುಷ್ಯ 8 ದಿನ. ಇಲ್ಲಿಂದ ಜಗಳ ಶುರುವಾಯಿತು. ಕೋಣೆಯ ಜೊತೆಗಾರ, “8 ದಿನಕ್ಕೆ ಅರ್ಧವಾದರೆ 16 ದಿನಕ್ಕೆ ಪೂರ್ತಿ ಖಾಲಿ” ಎಂದ. ಮಾಲಿಕರು, “ಅದು ಎಂದೂ ಖಾಲಿಯಾಗುವುದಿಲ್ಲವಂತೆ, ಅವನು ಇನ್ನು ಒಲೆಯ ಹತ್ತಿರ ಬರುವುದೇ ಬೇಡ” ಎಂದರು. ಇಬ್ಬರ ಲೆಕ್ಕವೂ ತಪ್ಪು.

ಗಿರಣಿಯ ಗೆಳೆಯರೇ, 64 ಗಜದ ಒಂದು ಥಾನು ಇದೆಯೆನ್ನಿ. 8 ದಿನಕ್ಕೆ ಅರ್ಧ ಕತ್ತರಿಸಿದೆವು. 32 ಗಜ ಉಳಿಯಿತು. ಮುಂದಿನ 8 ದಿನಕ್ಕೆ ಕತ್ತರಿಸುವುದು ಮತ್ತೆ 32 ಗಜವನ್ನಲ್ಲ, ಉಳಿದುದರ ಅರ್ಧವನ್ನು. 16 ಗಜ ಉಳಿಯಿತು, ಎಂದರೆ ಕಾಲು ಭಾಗ. 24ನೆಯ ದಿನಕ್ಕೆ 8 ಗಜ, ಅರೆಕಾಲು. ಹೀಗೆ ಹತ್ತು ಸಲ, ಎಂದರೆ 80 ದಿನ ಕಳೆದರೆ 1024ರಲ್ಲಿ ಒಂದು ಪಾಲು. ಸೊನ್ನೆಯಲ್ಲ ನಿಜ, ಒಂದು ಲೋಟ ಕಾಫಿಯನ್ನು 1024 ಮಂದಿಗೆ ಹಂಚಿದರೆ ನಾಲಗೆಗೆ ಹತ್ತುವುದೆಷ್ಟು? ಅದಲ್ಲದೆ ಕೊಟ್ಟ ಅಯೋಡಿನ್ನಿನ ಒಂದು ದೊಡ್ಡ ಪಾಲು ಮೊದಲ ಕೆಲವು ದಿನಗಳಲ್ಲೇ ಮೂತ್ರದಲ್ಲಿ ಹೊರಟುಹೋಗುತ್ತದೆ. ಅದನ್ನೆಲ್ಲ ಎಣಿಸಿಯೇ ವೈದ್ಯರು ತಾರೀಖು ಬರೆಯುವುದು.

ಯಾವಾಗಲೂ ಅರ್ಧವೇ ಏಕೆ? ಪರಮಾಣುವಿಗೆ ಮುಪ್ಪಿಲ್ಲ. ಒಂದೊಂದೂ ಪ್ರತಿ 8 ದಿನಕ್ಕೆ ಒಮ್ಮೆ ರೂಪಾಯಿ ಚಿಮ್ಮುತ್ತದೆ ಎಂದು ತಿಳಿಯಿರಿ. ಸಿಂಹ ಬಿದ್ದದ್ದು ಸಿಡಿದುಹೋಗುತ್ತದೆ, ಉಳಿದದ್ದು ಮತ್ತೆ ಚಿಮ್ಮುತ್ತದೆ. ಅದನ್ನು ಕಾಯಿಸಿದರೂ ತೊಳೆದರೂ ಈ ಲೆಕ್ಕ ಬದಲಾಗದು. ಒಂದೊಂದು ವಸ್ತುವಿಗೆ ಒಂದೊಂದು ಅವಧಿ. ನಮ್ಮೂರಿನ ಪರಮಾಣು ಇಂಧನದ ಕಾರ್ಖಾನೆ 1971ರಲ್ಲಿ ಸ್ಥಾಪನೆಯಾಯಿತಲ್ಲ, ಅಲ್ಲಿ ಬಳಸುವ ಯುರೇನಿಯಮ್ಮಿನ ಮುಖ್ಯ ಬಗೆಗೆ ಅರ್ಧವಾಗಲು ಸುಮಾರು 450 ಕೋಟಿ ವರ್ಷ ಬೇಕು.

ಇಷ್ಟು ಕೇಳಿ “ಹಳೆಯದಾದರೆ ಭಯವಿಲ್ಲ” ಎಂದುಕೊಳ್ಳಬೇಡಿ. ದೆಹಲಿಯ ಮಾಯಾಪುರಿಯಲ್ಲಿ ಗುಜರಿ ಕೆಲಸದವರಿಗೆ 2010ರಲ್ಲಿ ಏನಾಯಿತು? ಅಲ್ಲಿಯ ವಿಶ್ವವಿದ್ಯಾಲಯದ ಒಂದು ಕೋಬಾಲ್ಟ್ ಯಂತ್ರ 1985ರ ಸುಮಾರಿನಿಂದ ಬಳಕೆಯಿಲ್ಲದೆ ಬಿದ್ದಿತ್ತು. ಅದನ್ನು ಹರಾಜಿನಲ್ಲಿ ಗುಜರಿಗೆ ಮಾರಿದರು. ಕೋಬಾಲ್ಟ್-60ರ ಅರ್ಧಾಯುಷ್ಯ ಐದೂಕಾಲು ವರ್ಷ. 25 ವರ್ಷವೆಂದರೆ ಐದು ಅರ್ಧಕ್ಕೆ ಸ್ವಲ್ಪ ಕಡಮೆ. ಮೂವತ್ತೆರಡರಲ್ಲಿ ಒಂದು ಪಾಲಿಗಿಂತ ತುಸು ಹೆಚ್ಚು ಉಳಿದಿತ್ತು. ಆ ಒಂದು ಪಾಲೇ ಸಾಕಾಯಿತು. ಕವಚ ಬಿಚ್ಚಿ ಲೋಹವನ್ನು ಕೈಯಲ್ಲಿ ಮುಟ್ಟಿದವರ ಚರ್ಮ ಸುಟ್ಟಿತು, ಹಲವರು ಆಸ್ಪತ್ರೆ ಸೇರಿದರು, ಒಬ್ಬ ಕಾರ್ಮಿಕ ಸತ್ತ. ಮೊದಲು ಕೊಪ್ಪರಿಗೆ ತುಂಬ ಇದ್ದರೆ ಅದರ ಮೂವತ್ತೆರಡನೆಯ ಪಾಲೂ ಒಂದು ಬಿಂದಿಗೆಯೇ. ಎಷ್ಟು ಹೋಯಿತು ಎಂಬುದನ್ನಲ್ಲ, ಎಷ್ಟಿದ್ದುದರಲ್ಲಿ ಎಷ್ಟು ಉಳಿಯಿತು ಎಂಬುದನ್ನು ಕೇಳಬೇಕು. ಆ ಬಡವರಿಗೆ ಅದನ್ನು ಹೇಳುವವರೇ ಇರಲಿಲ್ಲ.

ನಮ್ಮ ಗೆಳೆಯನ ವಿಷಯ ಹೇಳಿ ಮುಗಿಸುತ್ತೇನೆ. ಸಂಘದಿಂದ ಮೂವರು ಹೋಗಿ, ಗಲ್ಲಾದ ಮೇಲೆ ಬಿಲ್ಲಿನ ಹಿಂಬದಿಯಲ್ಲೇ ಈ ಲೆಕ್ಕ ಬರೆದು ಮಾಲಿಕರಿಗೆ ತೋರಿಸಿದೆವು. ಚೀಟಿಯ ತಾರೀಖಿನಂದೇ ಅವನು ದೋಸೆಕಲ್ಲಿನ ಮುಂದೆ ನಿಂತ. ಜೊತೆಗಾರನೂ ಆ ತಾರೀಖಿನವರೆಗೆ ಚಾಪೆಯನ್ನು ಜಗಲಿಯಲ್ಲಿ ಹಾಸಿಕೊಂಡ. ರಜೆಯ ದಿನಗಳ ಸಂಬಳ ಮಾತ್ರ ಇನ್ನೂ ಬಂದಿಲ್ಲ. ಅದರ ಅರ್ಜಿ ನಾಳೆ ಕೊಡುತ್ತೇವೆ. ಸಹಿ ಹಾಕುವವರು ಸಭೆ ಮುಗಿದ ಮೇಲೆ ಸ್ವಲ್ಪ ನಿಲ್ಲಿ.