ಹಲವರ ಹಿತಕ್ಕೆ ಬಲಿಯಾಗುವ ಆ ಒಬ್ಬರು ಯಾರು?

(ವಿದ್ಯಾರ್ಥಿಗಳ ಅಧ್ಯಯನ ಸಭೆಯೊಂದರಲ್ಲಿ ಮಾಡಿದ ಭಾಷಣದ ಬರಹ ರೂಪ)



ಹಳಿಯ ಮೇಲೆ ಐವರು ಕೆಲಸ ಮಾಡುತ್ತಿದ್ದಾರೆ. ಹಿಡಿತ ತಪ್ಪಿದ ಟ್ರಾಮ್ ಗಾಡಿಯೊಂದು ಅವರತ್ತ ಧಾವಿಸುತ್ತಿದೆ. ಚಾಲಕನು ಅದನ್ನು ಪಕ್ಕದ ಹಳಿಗೆ ತಿರುಗಿಸಬಲ್ಲನು. ಆದರೆ ಅಲ್ಲಿಯೂ ಒಬ್ಬನಿದ್ದಾನೆ. ಬ್ರಿಟಿಷ್ ತತ್ವಜ್ಞಾನಿ ಫಿಲಿಪ್ಪಾ ಫುಟ್ 1967ರಲ್ಲಿ ಮುಂದಿಟ್ಟ ಈ ಸಮಸ್ಯೆಯನ್ನು ನಾವು ಕಾಲೇಜಿನಲ್ಲಿ ಮೊದಲು ಕೇಳಿದಾಗ ಉತ್ತರ ಸುಲಭವೆಂದೇ ತೋರಿತ್ತು. ಒಬ್ಬನಿಗಿಂತ ಐವರು ಹೆಚ್ಚಲ್ಲವೇ? ಆದರೆ ಆಕೆ ಆ ಚಾಲಕನ ಪಕ್ಕದಲ್ಲಿ ಒಬ್ಬ ನ್ಯಾಯಾಧೀಶನನ್ನೂ ನಿಲ್ಲಿಸಿದ್ದರು. ಉದ್ರಿಕ್ತ ಗುಂಪು ಹಲವರನ್ನು ಕೊಲ್ಲುವುದನ್ನು ತಡೆಯಲು ಆತ ನಿರಪರಾಧಿಯೊಬ್ಬನನ್ನು ಗಲ್ಲಿಗೇರಿಸಬಹುದೇ? ಲೆಕ್ಕ ಅದೇ. ಆದರೂ ಮನಸ್ಸು ಒಪ್ಪುವುದಿಲ್ಲ. ಚಾಲಕನು ಬಂದೆರಗಿದ ಅಪಾಯವನ್ನು ತಿರುಗಿಸುತ್ತಾನೆ. ನ್ಯಾಯಾಧೀಶನಾದರೋ ಒಂದು ಜೀವವನ್ನೇ ಸಾಧನವಾಗಿ ಬಳಸುತ್ತಾನೆ.

ಕನ್ನಡಿಗರಿಗೆ ಈ ಪ್ರಶ್ನೆ ಹೊಸತಲ್ಲ. ‘ಕೆರೆಗೆ ಹಾರ’ ಎಂಬ ಜನಪದ ಕಥನಗೀತೆಯಲ್ಲಿ ಮಲ್ಲನಗೌಡನು ಕಟ್ಟಿಸಿದ ಕೆರೆಗೆ ನೀರು ಬಾರದು. ಜೋಯಿಸರು ಹಿರಿಯ ಸೊಸೆಯನ್ನು ಬಲಿ ಕೊಡಬೇಕೆನ್ನುತ್ತಾರೆ. ಆದರೆ ಕೊನೆಗೆ ಆಯ್ಕೆಯಾಗುವವಳು ಕಿರಿಯ ಸೊಸೆ ಭಾಗೀರಥಿ. ಊರಿಗೆ ನೀರು ಬೇಕಿತ್ತು ನಿಜ. ಆದರೆ ಆ ಮನೆಯಲ್ಲಿ ಗೌಡನ ಜೀವದ ಪ್ರಸ್ತಾಪವೇ ಬರಲಿಲ್ಲ!

ಇದು ಕೇವಲ ಹಾಡಿನ ಮಾತೇ? 1884ರಲ್ಲಿ ಇಂಗ್ಲೆಂಡಿನಿಂದ ಸಿಡ್ನಿಗೆ ಹೊರಟಿದ್ದ ಮಿಗ್ನೊನೆಟ್ ಎಂಬ ಸಣ್ಣ ಹಡಗು ಅಟ್ಲಾಂಟಿಕ್ ಸಾಗರದಲ್ಲಿ ಮುಳುಗಿತು. ನಾಲ್ವರು ಒಂದು ದೋಣಿಯಲ್ಲಿ ಉಳಿದರು. ಹಸಿವು, ಬಾಯಾರಿಕೆಗಳಿಂದ ಸುಮಾರು ಮೂರು ವಾರ ಬಳಲಿದ ಮೇಲೆ ಕಪ್ತಾನ ಡಡ್ಲಿಯು ಸಹಚರ ಸ್ಟೀಫನ್ಸ್‌ನ ಸಮ್ಮತಿಯಿಂದ ರಿಚರ್ಡ್ ಪಾರ್ಕರ್ ಎಂಬ ಹದಿಹರೆಯದ ಹುಡುಗನನ್ನು ಕೊಂದನು. ಆತನ ಮಾಂಸವನ್ನು ತಿಂದು ಮೂವರು ಬದುಕಿ ಬಂದರು. ಚೀಟಿ ಎತ್ತುವ ಮಾತು ಬಂದಿತ್ತು, ಎತ್ತಲಿಲ್ಲ. ಪಾರ್ಕರ್ ಅನಾಥನಾಗಿದ್ದನು, ಕಾಯಿಲೆಯಿಂದ ನರಳುತ್ತಿದ್ದನು. ಕೊಂದವರಿಗೆ ಹೆಂಡತಿ ಮಕ್ಕಳಿದ್ದರು. ಜನರ ಅನುಕಂಪ ನಾವಿಕರ ಕಡೆಗಿತ್ತು. ಆದರೂ ನ್ಯಾಯಾಲಯವು ಅದನ್ನು ಕೊಲೆಯೆಂದೇ ಸಾರಿತು. ಯಾರ ಜೀವದ ಬೆಲೆ ಎಷ್ಟೆಂದು ಅಳೆಯುವವರು ಯಾರು, ಅತ್ಯಂತ ದುರ್ಬಲನನ್ನೇ ಆರಿಸಿದ್ದೇಕೆ ಎಂಬುದು ಮುಖ್ಯ ನ್ಯಾಯಾಧೀಶ ಲಾರ್ಡ್ ಕೋಲ್‌ರಿಜ್ ಎತ್ತಿದ ಪ್ರಶ್ನೆಗಳಾಗಿದ್ದವು. ಮರಣದಂಡನೆಯನ್ನು ಅನಂತರ ಆರು ತಿಂಗಳ ಸೆರೆವಾಸಕ್ಕೆ ಇಳಿಸಲಾಯಿತು. ಶಿಕ್ಷೆಯಲ್ಲಿ ಕರುಣೆ ತೋರಲಾಯಿತು. ಕೃತ್ಯವನ್ನು ಮಾತ್ರ ಸರಿಯೆನ್ನಲಿಲ್ಲ.

ಇದಕ್ಕೂ ಏಳು ಶತಮಾನಗಳಿಗೂ ಹಿಂದೆ, 1111ರಲ್ಲಿ ನಿಧನರಾದ ಇಮಾಮ್ ಗಝ್ಝಾಲಿಯವರು ‘ಅಲ್ ಮುಸ್ತಸ್ಫಾ’ ಗ್ರಂಥದಲ್ಲಿ ಇಂಥದೇ ಹಡಗನ್ನು ಚರ್ಚಿಸಿದ್ದರು. ಒಬ್ಬನನ್ನು ಕಡಲಿಗೆ ಎಸೆದರೆ ಉಳಿದವರು ಬದುಕುತ್ತಾರೆ, ಇಲ್ಲವಾದರೆ ಎಲ್ಲರೂ ಮುಳುಗುತ್ತಾರೆ ಎಂದಿಟ್ಟುಕೊಳ್ಳಿ. ಎಸೆಯುವಂತಿಲ್ಲ, ಚೀಟಿ ಎತ್ತಿ ಆರಿಸುವುದಕ್ಕೂ ಆಧಾರವಿಲ್ಲ ಎಂಬುದು ಅವರ ತೀರ್ಮಾನ. ಶತ್ರು ಸೈನ್ಯವು ಸೆರೆಯಾಳುಗಳನ್ನು ಗುರಾಣಿಯಾಗಿಸಿ ನುಗ್ಗಿ ಬರುವ ಒಂದು ಸಂದರ್ಭಕ್ಕೆ ಅವರು ವಿನಾಯಿತಿಯನ್ನೇನೋ ಕೊಟ್ಟರು. ಅದಕ್ಕೂ ಮೂರು ಷರತ್ತುಗಳಿದ್ದವು: ಅನಿವಾರ್ಯತೆ ಇರಬೇಕು, ಫಲಿತಾಂಶ ಖಚಿತವಿರಬೇಕು, ಅಪಾಯವು ಕೆಲವರಿಗಲ್ಲ, ಇಡೀ ಸಮುದಾಯಕ್ಕೇ ಒದಗಿರಬೇಕು. ಮದ್ರಸದಲ್ಲಿ ‘ಮಸ್ಲಹತ್’ ಅಥವಾ ಸಾರ್ವಜನಿಕ ಹಿತವೆಂಬ ಪದವನ್ನು ಕಲಿತ ನಾವು ಈ ಬೇಲಿಯನ್ನೂ ನೆನಪಿಡಬೇಕಲ್ಲವೇ? ಒಂದು ಜೀವವನ್ನು ಅನ್ಯಾಯವಾಗಿ ತೆಗೆಯುವುದು ಸಕಲ ಮಾನವರನ್ನು ಕೊಂದಂತೆ ಎಂಬ ಪವಿತ್ರ ಕುರ್‌ಆನಿನ (5:32) ಬೋಧನೆಯ ಮುಂದೆ ಕೂಡುವ ಕಳೆಯುವ ಲೆಕ್ಕ ನಿಲ್ಲುವುದಿಲ್ಲ.

ಆಧುನಿಕ ರಾಷ್ಟ್ರವೊಂದು ಇದೇ ಮಾತಿಗೆ ಬಂದುದನ್ನೂ ನೋಡಿ. ಅಪಹೃತ ವಿಮಾನವನ್ನು ಹೊಡೆದುರುಳಿಸಲು ಅವಕಾಶ ನೀಡುವ ಕಾನೂನನ್ನು ಜರ್ಮನಿ 2005ರಲ್ಲಿ ಮಾಡಿತು. ನೆಲದ ಮೇಲಿನವರನ್ನು ಉಳಿಸಲೆಂದು ವಿಮಾನದೊಳಗಿನ ನಿರಪರಾಧಿಗಳನ್ನು ಕೇವಲ ವಸ್ತುಗಳಂತೆ ಕಾಣುವುದು ಮಾನವ ಘನತೆಗೆ ವಿರುದ್ಧವೆಂದು ಅಲ್ಲಿನ ಸಂವಿಧಾನ ನ್ಯಾಯಾಲಯವು 2006ರ ಫೆಬ್ರವರಿಯಲ್ಲಿ ಅದನ್ನು ರದ್ದುಪಡಿಸಿತು.

ಹಾಗಾದರೆ ತ್ಯಾಗಕ್ಕೆ ಬೆಲೆಯಿಲ್ಲವೇ? ಖಂಡಿತ ಇದೆ. ಮುಳುಗುವವರನ್ನು ಉಳಿಸಲು ತಾನೇ ನೀರಿಗೆ ಧುಮುಕುವವನು ತ್ಯಾಗಿ. ಇನ್ನೊಬ್ಬನನ್ನು ತಳ್ಳಿ ಅದನ್ನು ತ್ಯಾಗವೆಂದು ಕರೆಯುವವನು ವಂಚಕ.

ಮಿತ್ರರೇ, ನಾವು ಟ್ರಾಮ್ ಓಡಿಸುವವರಲ್ಲ. ಆದರೆ ನಮ್ಮ ಮನೆ, ಮೊಹಲ್ಲಾಗಳಲ್ಲಿ ಈ ದೋಣಿ ತೇಲುತ್ತಲೇ ಇದೆ. ಅಣ್ಣ ತಮ್ಮಂದಿರ ಓದಿಗಾಗಿ ತಂಗಿಯನ್ನು ಶಾಲೆ ಬಿಡಿಸುತ್ತೇವೆ. ತನಗಾದ ಅನ್ಯಾಯವನ್ನು ಹೇಳಲು ಹೆಣ್ಣುಮಗಳೊಬ್ಬಳು ಜಮಾಅತಿನ ಮುಂದೆ ಬಂದರೆ, ‘ಸಮುದಾಯದ ಮಾನ ಹೋಗುತ್ತದೆ, ಸಹಿಸಿಕೋ ತಾಯಿ’ ಎನ್ನುತ್ತೇವೆ. ಸರಕಾರವು ದೇಶದ ಹಿತದ ಹೆಸರಿನಲ್ಲಿ ದುರ್ಬಲರನ್ನು ಬಲಿಗೊಡುವಾಗ ಪ್ರತಿಭಟಿಸುವ ನಮಗೆ, ಅದೇ ತಕ್ಕಡಿ ನಮ್ಮ ಕೈಯಲ್ಲಿಯೂ ಇರುವುದು ಕಾಣುವುದಿಲ್ಲವೇಕೆ?

ಆದ್ದರಿಂದ ಇನ್ನು ಮುಂದೆ ‘ಎಲ್ಲರ ಒಳಿತಿಗಾಗಿ’ ಎಂಬ ಮಾತು ಕೇಳಿಬಂದಾಗ ಎರಡು ಪ್ರಶ್ನೆಗಳನ್ನು ಕೇಳೋಣ: ಬಲಿಯಾಗುವವರ ಒಪ್ಪಿಗೆ ಪಡೆದಿದ್ದೀರಾ? ಅವರನ್ನು ಆರಿಸಿದವರು ತಮ್ಮ ಹೆಸರನ್ನೂ ಚೀಟಿಯಲ್ಲಿ ಬರೆದಿದ್ದರೇ? ಹಾಗೆ ಕೇಳುವ ಧೈರ್ಯವನ್ನು, ಮೊದಲು ನಮ್ಮನ್ನೇ ಕೇಳಿಕೊಳ್ಳುವ ಪ್ರಾಮಾಣಿಕತೆಯನ್ನು ಅಲ್ಲಾಹನು ನಮಗೆ ಅನುಗ್ರಹಿಸಲಿ.